ತಿರುವಿನಲ್ಲಿ ಹರಡಿದ ಹುರುಳಿ

ನಮ್ಮೂರಿಗೆ ಟಾರು ರಸ್ತೆ ಬಂದ ವರ್ಷವೇ ಜನ ಕಣ ಮಾಡುವುದನ್ನು ಮರೆತುಬಿಟ್ಟರು. ಕಡೂರಿನಿಂದ ಚೌಳಹಿರಿಯೂರಿನ ಕಡೆ ಹೋಗುವ ರಸ್ತೆ ಅದು. ಮೊದಲೆಲ್ಲ ನೆಲ ಕೆತ್ತಿ, ನೀರು ಹೊಡೆದು, ಸಗಣಿ ಬಳಿದು, ಎತ್ತು ಕಟ್ಟಿ ಗುಂಡುಕಲ್ಲು ಉರುಳಿಸುವಷ್ಟರಲ್ಲಿ ಮನೆಮಂದಿಯ ಸೊಂಟ ಬಿದ್ದುಹೋಗುತ್ತಿತ್ತು. ಈಗ ಹುರುಳಿ ಗಿಡ ತಂದು ರಸ್ತೆಗೆ ಹರಡಿದರೆ ಮುಗಿಯಿತು. ಬಸ್ಸು, ಲಾರಿ ಹತ್ತಿ ಹೋಗುತ್ತವೆ, ಸಂಜೆ ಹೊಟ್ಟು ತೂರಿ ಕಾಳು ತುಂಬಿಕೊಳ್ಳುವುದು. ನಾವೇನು ಸೋಮಾರಿಗಳಲ್ಲ. ಪುಕ್ಕಟೆ ಒಕ್ಕಿಕೊಡುವವರು ಸಿಕ್ಕಿದರೆ ಯಾರು ಬೇಡ ಅಂತಾರೆ?

ಎಪ್ಪತ್ತರ ದಶಕ ಮುಗಿಯುತ್ತಿದ್ದ ಕಾಲ. ತಾಲ್ಲೂಕು ಕಚೇರಿಯ ಆರ್ಡರು ಬಂದಿದೆ ಅಂತ ತಳವಾರ ತಮಟೆ ಬಡಿದು ಸಾರಿದ. "ಟಾರ್ ರೋಡ್ ಮ್ಯಾಲೆ ಒಕ್ಕಣೆ ಮಾಡಂಗಿಲ್ಲಾ! ಮಾಡಿದ್ರೆ ದಂಡ!"

"ಲೇ, ಕಣ ಬಳಿಯಕ್ಕೆ ಸಗಣಿ ಸರ್ಕಾರ ಕಳಿಸ್ತದಾ, ಕೇಳ್ಕಂಡ್ ಬಾರೋ!" ಅಂತ ನಮ್ಮತ್ತೆ ಜಗಲಿಯಿಂದಲೇ ಕೂಗಿದರು. ಬೀದಿಯೇ ನಕ್ಕಿತು. ತಳವಾರನೂ ನಕ್ಕ. ಅವನ ಹುರುಳಿಯೂ ರಸ್ತೆಯ ಮೇಲೇ ಇತ್ತು.

ಆದರೆ ಅತ್ತೆಗೆ ಅವರದೇ ಒಂದು ಕಾನೂನಿತ್ತು. "ನೆಟ್ಟಗಿರೋ ಕಡೆ ಎಷ್ಟಾದ್ರೂ ಹರಡ್ಕೋ. ತಿರುವಲ್ಲಿ ಮಾತ್ರ ಬ್ಯಾಡ ಕಣೇ, ಬರೋರಿಗೆ ಕಾಣಲ್ಲ" ಎನ್ನುತ್ತಿದ್ದರು. ಒಂದು ಸಲವಲ್ಲ, ನೂರು ಸಲ ಹೇಳಿದ್ದರು.

ಆಗ ನಾನು ತುಂಬು ಬಸುರಿ. ಮೊದಲ ಕೂಸು ಅಜ್ಜಂಪುರದ ಪಕ್ಕದ ನನ್ನ ತವರಿನಲ್ಲಿ ಹುಟ್ಟಿತ್ತು. ಹೊಕ್ಕುಳಬಳ್ಳಿಯನ್ನು ಕುಡುಗೋಲಿನಲ್ಲಿ ಕತ್ತರಿಸಿದ್ದರು. ನಂಜಾಗಿ, ಹಾಲು ಕುಡಿಯಲಾಗದೆ ಸೆಟೆದುಕೊಂಡು, ಒಂಬತ್ತನೆಯ ದಿನ ಹೋಯಿತು. ಹಾಗಾಗಿ ಈ ಸಲ ನರ್ಸಮ್ಮನೇ ಆಗಬೇಕು ಅಂತ ಹಟ ಹಿಡಿದಿದ್ದೆ. ಸರ್ಕಾರ ನಮ್ಮ ನಾಲ್ಕೈದು ಹಳ್ಳಿಗೆ ಹೊಸದಾಗಿ ಕೊಟ್ಟಿದ್ದ ನರ್ಸು ಅವರು, ತರೀಕೆರೆ ಕಡೆಯವರು. ಸೈಕಲ್ಲಿನಲ್ಲಿ ಬಂದು ನಂಜಾಗದ ಹಾಗೆ ಇಂಜಕ್ಷನ್ನನ್ನು ಎರಡು ಸಲ ಹಾಕಿ ಹೋಗಿದ್ದರು. "ಈ ಸಲ ಏನೂ ಆಗಲ್ಲ, ನಾನಿಲ್ವಾ?" ಅಂದಿದ್ದರು. ಆ ಒಂದು ಮಾತು ಹಿಡಿದುಕೊಂಡೇ ನಾನು ತಿಂಗಳು ಎಣಿಸುತ್ತಿದ್ದೆ.

ಅಂದು ಬೆಳಿಗ್ಗೆ ಯಜಮಾನರು ಒಂದು ಗಾಡಿ ಹುರುಳಿ ತಂದು ರಸ್ತೆ ಬದಿಗೆ ಸುರಿದು, ಇನ್ನೊಂದು ಗಾಡಿ ತರಲು ಹೊಲಕ್ಕೆ ಹೋದರು. ಅತ್ತೆ ಅಡುಗೆಮನೆಯಲ್ಲಿದ್ದರು. "ನೀನು ಕೂತ್ಕೋ, ನಾನ್ ಬತ್ತೀನಿ" ಅಂದರೂ ಕೇಳದೆ ನಾನೇ ಹರಡಲು ಹೋದೆ. ನೆಟ್ಟಗಿನ ರಸ್ತೆಗೆ ನೂರು ಹೆಜ್ಜೆ ಹೊತ್ತುಕೊಂಡು ಹೋಗಬೇಕು, ತಿರುವು ಕಾಲ ಬುಡದಲ್ಲೇ ಇದೆ. ಸೊಂಟ ನೋಯುತ್ತಿತ್ತು. ಒಂದು ದಿನಕ್ಕೆ ಏನಾಗುತ್ತೆ ಅಂದುಕೊಂಡು ತಿರುವಿನಲ್ಲೇ ಮಂದವಾಗಿ ಹರಡಿಬಿಟ್ಟೆ. ದಡ್ಡಿ ನಾನು! ಆ ಸೊಂಟನೋವೇ ಹೆರಿಗೆ ನೋವು ಅಂತ ಮನೆಗೆ ಬಂದು ಕೂತಮೇಲೆ ಗೊತ್ತಾಯಿತು.

ಅಷ್ಟರಲ್ಲಿ ಹೊಲದಿಂದ ಬಂದ ಯಜಮಾನರು ಸೈಕಲ್ ಹತ್ತಿ ನರ್ಸಮ್ಮನನ್ನು ಕರೆಯಲು ಓಡಿದರು. ಬರುವಾಗ ನರ್ಸಮ್ಮ ಮುಂದೆ, ಇವರು ಹಿಂದೆ. ಅವಸರದಲ್ಲಿ ತಿರುವಿಗೆ ಬಂದ ನರ್ಸಮ್ಮನ ಚಕ್ರ ಹುರುಳಿ ಕಾಳಿನ ಮೇಲೆ ಜಾರಿತು. ಬಲಗೈ ಊರಿ ಬಿದ್ದರು. ಮಣಿಕಟ್ಟು ಮುರಿಯಿತು.

ಆ ಕೈಗೆ ಟವಲು ಸುತ್ತಿಕೊಂಡು, ಮುಖವೆಲ್ಲ ಬೆವರಾಗಿ ಅವರು ಒಳಗೆ ಬಂದರು. "ಆಸ್ಪತ್ರೆಗೆ ಹೋಗ್ರಮ್ಮ" ಅಂದರು ಅತ್ತೆ.

"ಇವಳನ್ನ ಬಿಟ್ಟಾ? ಅಮ್ಮಾ, ಇವತ್ತು ನಿಮ್ಮ ಕೈಯೇ ನನ್ನ ಕೈ. ಸೋಪು ಹಾಕಿ ತೊಳೀರಿ. ಇನ್ನೊಂದ್ಸಲ ತೊಳೀರಿ. ಉಗುರು ಸಂದಿ!"

ಯಾರ ಮಾತಿಗೂ ಸೊಪ್ಪು ಹಾಕದ ನಮ್ಮತ್ತೆ ಮೂರು ಸಲ ಕೈ ತೊಳೆದರು. ಬ್ಲೇಡು, ದಾರ ಕುದಿಸಿದರು. ನರ್ಸಮ್ಮ ಗೋಡೆಗೆ ಒರಗಿ ಹಲ್ಲು ಕಚ್ಚಿಕೊಂಡು ಒಂದೊಂದೇ ಹೇಳಿದರು, ಅತ್ತೆ ಹಾಗೇ ಮಾಡಿದರು. ಮಗು ಬಂತು, ಅಳಲಿಲ್ಲ. ನರ್ಸಮ್ಮ ತೆವಳಿಕೊಂಡು ಬಂದು ಎಡಗೈಯಲ್ಲೇ ಬಾಯಿ ಒರೆಸಿ, ಬೆನ್ನು ಉಜ್ಜಿ, ಅಂಗಾಲಿಗೆ ತಟ್ಟಿದರು. ಅತ್ತಳು ನನ್ನ ಮಗಳು! ನಾನೂ ಅತ್ತುಬಿಟ್ಟೆ. ಮಗುವಿಗೆ ಮೊಲೆಯೂಡುತ್ತಾ ಒರಗಿದ್ದ ನನ್ನ ತಲೆಯನ್ನು ಅತ್ತೆ ಬಹಳ ಹೊತ್ತು ಸವರುತ್ತಿದ್ದರು. ಮದುವೆಯಾದ ಮೇಲೆ ಅವರು ಹಾಗೆ ಮುಟ್ಟಿದ್ದು ಅದೇ ಮೊದಲು.

ಆಮೇಲೆ ಆರೋಗ್ಯ ಇಲಾಖೆಯವರೂ ಪೊಲೀಸರೂ ವಿಚಾರಣೆಗೆ ಬಂದರು. ನರ್ಸಮ್ಮ, "ನಾಯಿ ಅಡ್ಡ ಬಂತು" ಅಂತ ಬರೆಸಿದರು. ಊರವರು ಕೇಳಿದರೆ ಅತ್ತೆ, "ತಿರುವಲ್ಲಿ ಹಾಕಿದ್ದು ನಾನೇ, ನನ್ನ ಬುದ್ಧಿಗಿಷ್ಟು ಬೆಂಕಿ ಬೀಳ" ಅನ್ನುತ್ತಿದ್ದರು. ನಾನು ಬಾಯಿ ಬಿಡಲಿಲ್ಲ. ಬಾಣಂತಿ, ಎಳೆಮಗು ಅಂತ ನನಗೆ ನಾನೇ ನೆಪ ಹೇಳಿಕೊಂಡೆ.

ಮಾರನೆಯ ವರ್ಷದಿಂದ ಅತ್ತೆ ಪೊರಕೆ ಹಿಡಿದು ರಸ್ತೆಗಿಳಿದರು. ಯಾರದೇ ಹುರುಳಿ ಇರಲಿ, ಗುಡಿಸಿ ಚರಂಡಿ ಪಕ್ಕಕ್ಕೆ! ಅಬ್ಬಬ್ಬಾ, ಅವರು ಬೈಸಿಕೊಂಡ ಬೈಗುಳ! "ಹಂಗಾದ್ರೆ ಎಲ್ಲಿ ಒಕ್ಕಾನ ಹೇಳಜ್ಜಿ" ಅಂತ ಜನ ಕೇಳಿದಾಗ ಪಂಚಾಯ್ತಿ ಕಟ್ಟೆಗೆ ಹೋಗಿ ಕೂತರು, ಮೂರು ವರ್ಷ ಅಲೆದರು. ಕೊನೆಗೆ ಸರ್ಕಾರದ ಹಣದಲ್ಲಿ ಊರ ಹಿಂದೆ ಸಿಮೆಂಟಿನ ಕಣ ಬಂತು. ಆಮೇಲೆ ರಸ್ತೆ ತಾನಾಗಿ ಖಾಲಿಯಾಯಿತು. ತಮಟೆ ಬಡಿದಾಗಲೇ ಆ ಕಣವನ್ನೂ ಕೊಟ್ಟಿದ್ದರೆ ಒಂದು ಕೈ ಉಳಿಯುತ್ತಿತ್ತು ಅಂತ ನನಗೆ ಇಂದಿಗೂ ಸಿಟ್ಟು ಬರುತ್ತದೆ.

ಕಡೂರಿನ ಆಸ್ಪತ್ರೆಯಲ್ಲಿ ಕಟ್ಟು ಹಾಕಿದರೂ ಆ ಮಣಿಕಟ್ಟು ಮೊದಲಿನಂತಾಗಲಿಲ್ಲ. ನರ್ಸಮ್ಮ ಎಡಗೈಯಲ್ಲಿ ಸೂಜಿ ಹಿಡಿಯುವುದನ್ನು ಕಲಿತರು. ನನ್ನ ಮಗಳ ಲಸಿಕೆ ಚೀಟಿಯಲ್ಲಿ ಅವರ ಅಕ್ಷರ ಒಂದನೇ ಕ್ಲಾಸಿನ ಮಕ್ಕಳ ಅಕ್ಷರದ ಹಾಗೆ ಸೊಟ್ಟಸೊಟ್ಟ.

ಮಗಳು ಶಾಲೆಗೆ ಸೇರಿದ ವರ್ಷ ಅತ್ತೆ ತೀರಿಕೊಂಡರು. ಅದೇ ವರ್ಷ ನರ್ಸಮ್ಮನಿಗೆ ತರೀಕೆರೆಗೆ ವರ್ಗವಾಯಿತು. ಸತ್ತವರ ತಲೆಯ ಮೇಲೆ ನನ್ನ ತಪ್ಪು ಹೊರಿಸಿ ಇರಲಾರದೆ, ನರ್ಸಮ್ಮ ಹೊರಟ ದಿನ ಬಸ್ ಸ್ಟ್ಯಾಂಡಿಗೆ ಓಡಿದೆ. "ಸಿಸ್ಟರ್, ಅವತ್ತು ತಿರುವಲ್ಲಿ ಹರಡಿದ್ದು ನಮ್ಮತ್ತೆ ಅಲ್ಲ, ನಾನು" ಅಂದೆ.

"ಗೊತ್ತು ಕಣಮ್ಮ."

"ಗೊತ್ತಾ? ಮತ್ತೆ ನಾಯಿ ಅಂದ್ರಿ?"

"ಕೇಸ್ ಆಗಿದ್ರೆ ಇನ್ಯಾವ ಹೆಂಗಸು ನನ್ನನ್ನ ಹೆರಿಗೆಗೆ ಕರೀತಿದ್ಲು?" ಅಂದರು. ಬಸ್ಸು ಹತ್ತಿ, ಕಿಟಕಿಯಿಂದ ಬಗ್ಗಿ ಮತ್ತೆ ಹೇಳಿದರು. "ಅವತ್ತು ನಿನ್ನ ಜಡೆ ತುಂಬ ಹುರುಳಿ ಹೊಟ್ಟು. ನಾನು ನೋಡಿಬಿಡ್ತೀನಿ ಅಂತ ನಿಮ್ಮತ್ತೆ ಒಂದೊಂದೇ ಹೆಕ್ಕಿ ಸೆರಗಲ್ಲಿ ಮುಚ್ಚಿಡ್ತಿದ್ರು."

ತಲೆ ಸವರುತ್ತಿದ್ದಾರೆ ಅಂತ ನಾನು ಸುಖವಾಗಿ ಕಣ್ಣು ಮುಚ್ಚಿಕೊಂಡಿದ್ದೆ.