ರಷ್ಯನ್ ಆಂಟಿಯ ಸ್ವಂತ ದನಿ

ಸಿಡ್ನಿಯ ರೌಸ್ ಹಿಲ್‌ನಲ್ಲಿ ನಮ್ಮ ಪಕ್ಕದ ಮನೆಯ ಬಾಗಿಲು ತೆರೆಯುವ ಮೊದಲೇ ಅವರ ದನಿ ಹೊರಗೆ ಬರುತ್ತಿತ್ತು. ಗಂಟಲಲ್ಲಿ ಜಲ್ಲಿಕಲ್ಲು ಉರುಳಿಸಿದಂಥ ದನಿ. ಫೋನಿನಲ್ಲಿ ಕೇಳಿದವರು ‘ಸರ್’ ಎನ್ನುತ್ತಿದ್ದರು. ಮಾತಾಡುವಾಗ ಎರಡು ಬೆರಳನ್ನು ಕೊರಳ ಮೇಲೆ ಇಟ್ಟುಕೊಳ್ಳುತ್ತಿದ್ದರು, ಒಳಗಿರುವುದನ್ನು ಯಾರಾದರೂ ಎತ್ತಿಕೊಂಡು ಹೋದಾರು ಎಂಬಂತೆ. ಮಗಳ ಮನೆಗೆ ಬಂದು ನೆಲೆಸಿದ್ದ ಅವರು ಅಮ್ಮನಿಗೂ ನನಗೂ ರಷ್ಯನ್ ಆಂಟಿ.

ಅವರು ಹದಿಹರೆಯದ ನಾಯಕಿಯಿಂದ ಮುತ್ತಜ್ಜಿಯ ಪಾತ್ರದವರೆಗೆ ಆಯುಷ್ಯವನ್ನೆಲ್ಲ ಸಿನಿಮಾದಲ್ಲೇ ಕಳೆದವರು ಎಂದು ಮಗಳು ಹೇಳಿದಾಗ ನಾನು ನಂಬಲಿಲ್ಲ. ಸ್ಕೂಲಿನಿಂದ ಡಿಬೇಟ್ ಮಾಡಿಕೊಂಡು ಬೆಳೆದವಳು ನಾನು. ಸಾಕ್ಷಿ ಇಲ್ಲದ ಮಾತು ನನಗೆ ಬರೀ ಗಾಳಿ. ಆಂಟಿ ಟಿವಿಯಲ್ಲಿ ತಮ್ಮ ಮೊದಲ ಸಿನಿಮಾ ಹಾಕಿದರು. ಮುಖವೇನೋ ಅವರದೇ. ದನಿ ಮಾತ್ರ ಸಕ್ಕರೆ ಪಾಕ.

“ಇದು ನಿಮ್ಮ ದನಿಯಲ್ಲ. ಒಂದೋ ಸಿನಿಮಾ ಸುಳ್ಳು, ಇಲ್ಲಾ ನೀವು ಸುಳ್ಳು,” ಎಂದೆ.

ಅಮ್ಮ ನನ್ನ ತೊಡೆ ಚಿವುಟಿದಳು. ಆಂಟಿ ಟಿವಿ ನಿಲ್ಲಿಸಿದರು. “ಈ ದೇಶದಲ್ಲಿ ಅದನ್ನು ಬಾಯಿಬಿಟ್ಟು ಹೇಳಿದವಳು ನೀನೇ ಮೊದಲು.”

ನಿರ್ದೇಶಕನಿಗೆ ಅವರ ದನಿ ಲಾರಿ ಡ್ರೈವರನದಂತೆ ಕೇಳಿಸಿತಂತೆ. (ಅವನಿಗೆ ನಾನು ಬಹುವಚನ ಕೊಡುವುದಿಲ್ಲ.) ಅವರಿಗೆ ಒಂದು ಮಾತೂ ಹೇಳದೆ ಬೇರೊಬ್ಬಳಿಂದ ಡಬ್ ಮಾಡಿಸಿದ. ಮೊದಲ ಪ್ರದರ್ಶನದಲ್ಲಿ, ತಾಯಿಯ ಪಕ್ಕದಲ್ಲಿ ಕೂತಾಗಲೇ ಆಂಟಿಗೆ ಗೊತ್ತಾದದ್ದು. ದನಿಯೊಂದೇ ಅಲ್ಲ, ಮಾತನ್ನೂ ಬದಲಿಸಿದ್ದ. ರೈಲು ನಿಲ್ದಾಣದ ದೃಶ್ಯದಲ್ಲಿ ಅವರು ನುಡಿದದ್ದು, “ಹೋಗು. ನಾನು ಕಾಯೋದಿಲ್ಲ.” ತೆರೆಯ ಮೇಲೆ ಕೇಳಿಸಿದ್ದು, “ಹೋಗು. ನಾನು ಕಾಯ್ತೀನಿ.” ದೇಶವೆಲ್ಲ ಅತ್ತದ್ದು ಆ ಸುಳ್ಳಿಗೆ.

ಆಮೇಲೆ ಸ್ವಂತ ದನಿ ಇಲ್ಲದೆ ನಟಿಸುವುದಿಲ್ಲ ಎಂದು ಹಟ ಹಿಡಿದರು. ನಾಯಕಿಯ ಪಾತ್ರಗಳು ನಿಂತುಹೋದವು. ಸೊಸೆಯನ್ನು ಗೋಳಾಡಿಸುವ ಅತ್ತೆ, ಜೈಲಿನ ವಾರ್ಡನ್, ನ್ಯಾಯಾಧೀಶೆ, ಮಾಟಗಾತಿ, ಹೀಗೆ ಕರೆದ ಪಾತ್ರಕ್ಕೆಲ್ಲ ಹೋದರು. “ಅವನು ಯಾವ ಊರಲ್ಲಿ ಟಿವಿ ಹಾಕಿದರೂ ನನ್ನ ಗಂಟಲು ಕೇಳಿಸಬೇಕಿತ್ತು,” ಎನ್ನುತ್ತಿದ್ದರು. ಕಲೆಗಾಗಿ ಕಲೆ ಎನ್ನುವವರಿಗೆ ಇದು ಹಿಡಿಸಲಿಕ್ಕಿಲ್ಲ. ನನಗೆ ಬಹಳ ಹಿಡಿಸಿತು.

“ಇಷ್ಟು ವರ್ಷ ಆಯ್ತಲ್ಲ ಆಂಟಿ, ಕ್ಷಮಿಸಿಬಿಡಿ,” ಎಂದಳು ಅಮ್ಮ.

“ಕ್ಷಮೆ ಕೇಳಿದವರಿಗೆ ತಾನೇ ಕೊಡೋದು? ಅವನು ಕೇಳಲಿ, ಆಮೇಲೆ ಯೋಚಿಸೋಣ.”

ಆ ಸಿನಿಮಾವನ್ನು ಮೆಲ್ಬರ್ನ್‌ನಲ್ಲಿ ಮತ್ತೆ ತೋರಿಸುವುದಾಗಿ ಅಲ್ಲಿನ ರಷ್ಯನ್ನರು ಆಂಟಿಯನ್ನು ಕರೆದರು. ನಿರ್ದೇಶಕನೂ ಬರುವವನಿದ್ದ. ನಾನು ನಾರ್ವೆಸ್ಟ್‌ನ ಆಫೀಸಿಗೆ ರಜೆ ಹಾಕಿ ಜೊತೆಗೆ ಹೋದೆ. ಸಿನಿಮಾ ಮುಗಿದ ಮೇಲೆ ಅವನು ವೇದಿಕೆಯಲ್ಲಿ ಕೂತು, “ಹುಡುಗಿಗೆ ನಾಚಿಕೆ. ನನ್ನ ದನಿ ಬೇಡ ಅಂತ ತಾನೇ ಬೇಡಿಕೊಂಡಳು,” ಎಂದ. ಆಂಟಿ ಅದನ್ನು ನನ್ನ ಕಿವಿಯಲ್ಲಿ ಇಂಗ್ಲಿಷಿನಲ್ಲಿ ಹೇಳಿದರು. ಉತ್ತರ ಕೊಡಲು ಏಳಹೊರಟ ನನ್ನ ಕೈ ಹಿಡಿದು ಕೂರಿಸಿದರು.

“ವಾದ ನಿನ್ನದಿರಬಹುದು. ಗಂಟಲು ನನ್ನದು.”

ಎದ್ದು ನಿಂತು, ನಿಲ್ದಾಣದ ದೃಶ್ಯವನ್ನು ಶಬ್ದವಿಲ್ಲದೆ ಇನ್ನೊಮ್ಮೆ ತೋರಿಸಿ ಎಂದು ಕೇಳಿದರು. ಮುಖ್ಯ ಅತಿಥಿಗೆ ಇಲ್ಲವೆನ್ನುವುದು ಹೇಗೆ? ದೀಪ ಆರಿತು. ತೆರೆಯ ಮೇಲೆ ಚಿಕ್ಕ ಹುಡುಗಿಯ ತುಟಿ ಅಲುಗಿತು. ಕತ್ತಲಲ್ಲಿ ಮುದುಕಿಯ ಜಲ್ಲಿಕಲ್ಲಿನ ದನಿ ಆ “ಕಾಯೋದಿಲ್ಲ”ವನ್ನು ರಷ್ಯನ್ನಿನಲ್ಲಿ ನುಡಿಯಿತು. ತುಟಿ ತೆರೆದಾಗ ಶುರು, ಮುಚ್ಚಿದಾಗ ಮುಕ್ತಾಯ, ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲ. ಭಾಷೆ ಬಾರದ ನನಗೇ ಗೊತ್ತಾಯಿತು. ಭಾಷೆ ಬಲ್ಲ ಸಭೆ ಮೊದಲು ಉಸಿರೆಳೆದುಕೊಂಡಿತು, ಆಮೇಲೆ ನಕ್ಕಿತು. ಅವನನ್ನು ನೋಡಿ ನಕ್ಕಿತು.

ದೀಪ ಬಂದಾಗ ಅವನು “ತಾಂತ್ರಿಕ ಕಾರಣ” ಎಂದೇನೋ ಗೊಣಗುತ್ತ ನೀರಿನ ಲೋಟ ಎತ್ತಿದ. ಅರ್ಧ ನೀರು ಅಂಗಿಯ ಮೇಲೆ ಚೆಲ್ಲಿತು. ಅದು ವಯಸ್ಸಿನಿಂದಲೂ ಇರಬಹುದಲ್ಲವೇ ಎಂದು ನ್ಯಾಯವಾಗಿ ಕೇಳಬಹುದಿತ್ತು. ನಾನು ಕೇಳಲಿಲ್ಲ. ಸಿಡ್ನಿಗೆ ಮರಳುವ ವಿಮಾನದಲ್ಲಿ ಆಂಟಿ ಗೊರಕೆ ಹೊಡೆದರು, ಅದೂ ಅದೇ ದನಿಯಲ್ಲಿ. ಮುಂದಿನ ಸೀಟಿನವನು ತಿರುಗಿ ನೋಡಿದ. ನಾನು ಅವನನ್ನು ದುರುಗುಟ್ಟಿ ನೋಡಿದೆ.

ಈ ಚಳಿಗಾಲದಲ್ಲಿ ಆಂಟಿ ತೀರಿಕೊಂಡರು. ಅವನು ಇನ್ನೂ ಇದ್ದಾನೆ. ನ್ಯಾಯದ ಮೇಲೆ ನನಗೆ ನಂಬಿಕೆ ಕಡಿಮೆ ಎನ್ನುವುದು ಇದಕ್ಕೇ. ಅಂತ್ಯಕ್ರಿಯೆಯ ಬೆಳಿಗ್ಗೆ ಅವನ ಹೆಸರಿನಲ್ಲಿ ದೊಡ್ಡದೊಂದು ಬಿಳಿ ಹೂವಿನ ಚಕ್ರ ಬಂತು. ಅಡ್ಡಪಟ್ಟಿಯ ಮೇಲೆ ರಷ್ಯನ್ ಅಕ್ಷರ. ಅಮ್ಮ ಕೇಳಿದ್ದಕ್ಕೆ ಆಂಟಿಯ ಮಗಳು ಓದಿ ಹೇಳಿದಳು: “ನಾನು ಕಾಯ್ತೀನಿ.”

ಅಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿ, ಚಕ್ರವನ್ನು ಎರಡೂ ಕೈಯಲ್ಲಿ ಎತ್ತಿ, ಮನೆಯ ಪಕ್ಕದ ಕಸದ ಬಿನ್‌ಗಳ ಹತ್ತಿರ ಹೊತ್ತೊಯ್ದಳು. ಆಂಟಿಯ ಮಗಳು ತಡೆಯಲಿಲ್ಲ. ನಾನು ಹಿಂದೆಯೇ ಓಡಿದೆ.

“ಹೂವಲ್ವೇನೇ, ಗ್ರೀನ್ ಬಿನ್‌ಗೆ ಹಾಕ್ಬೇಕಾ?”

“ಬೇಡಮ್ಮ, ಗೊಬ್ಬರ ಆಗ್ಬಿಡತ್ತೆ. ಗುಂಡಿಗೆ ಹೋಗೋ ರೆಡ್‌ಗೇ ಹಾಕು.”

ಒಳಗೆ ಹಿಡಿಸಲಿಲ್ಲ. ಅಮ್ಮ ಮೊಣಕಾಲಿಗೆ ಕೊಟ್ಟು ಮುರಿದು ತುರುಕಿದಳು.