ಸೋಮವಾರದ ಚಕ್ಕಡಿ

ಅಣ್ಣಿಗೇರಿಯಲ್ಲಿ ನೋಡುವಂಥದ್ದು ಏನಿದೆ ಎಂದು ಯಾರಾದರೂ ಕೇಳಿದರೆ ನನಗೆ ಅಂಗಾಲಿನಿಂದ ನೆತ್ತಿಯವರೆಗೆ ಉರಿಯುತ್ತದೆ. ನಾನು ಹುಟ್ಟಿ ಬೆಳೆದ ಊರು ಅದು. ಅಲ್ಲಿಯ ಹಳೇ ಗುಡಿಯ ಕರಿಕಲ್ಲಿನ ಕಂಬಗಳ ಹಿಂದೆ ಅಡಗಿ ಆಟವಾಡಿದವಳು ನಾನು. ಈಗಲೂ ಕಣ್ಣು ಕಟ್ಟಿ ಬಿಟ್ಟರೆ ಯಾವ ಕಂಬ ಎಲ್ಲಿದೆ ಎಂದು ಕೈಯಿಂದ ಸವರಿ ಹೇಳಬಲ್ಲೆ. ಅಂಥ ಊರಿನ ಬಗ್ಗೆ ಈ ಮಾತು ಕೇಳಿದವರು ಬೇರೆ ಯಾರೂ ಅಲ್ಲ, ನಾನು ಕೆಲಸ ಮಾಡುತ್ತಿದ್ದ ಹುಬ್ಬಳ್ಳಿಯ ಪ್ರವಾಸ ಕಚೇರಿಯ ಮಾಲೀಕರು.

ಅಲ್ಲಿ ನಾನು ಗೈಡ್. ಗೈಡ್ ಎಂದರೆ ಮೈಕು ಹಿಡಿದು ಮುಂದೆ ನಡೆಯುವ ಗೈಡ್ ಅಲ್ಲ. ಬಾದಾಮಿಗೋ ಹಂಪಿಗೋ ಜನರನ್ನು ಕರೆದುಕೊಂಡು ಹೋದಾಗ ಮುಂದೆ ಒಬ್ಬರು ಇತಿಹಾಸ ಹೇಳುತ್ತಿದ್ದರು. ನಾನು ಸಾಲಿನ ಕೊನೆಯಲ್ಲಿ ಬಾವುಟ ಹಿಡಿದು, ನೀರಿನ ಬಾಟಲಿ ಮರೆತವರನ್ನೂ ಫೋಟೋ ತೆಗೆಯುತ್ತ ದಾರಿ ತಪ್ಪಿದವರನ್ನೂ ಹುಡುಕಿ ತರುತ್ತಿದ್ದೆ. ಕುರಿ ಕಾಯುವ ಕೆಲಸಕ್ಕೂ ಅದಕ್ಕೂ ಬಹಳ ಫರಕು ಇರಲಿಲ್ಲ. ಕುರಿಗಳು ಕಾಫಿ ಕೇಳುವುದಿಲ್ಲ, ಅಷ್ಟೇ.

ಅಂಥದೊಂದು ಬಾದಾಮಿ ಪ್ರವಾಸದಲ್ಲಿ ಬೆಂಗಳೂರಿನ ಒಬ್ಬ ಹಿರಿಯರು, ಬ್ಯಾಂಕಿನಿಂದ ನಿವೃತ್ತರಾದವರು, ನನ್ನ ಪಕ್ಕದಲ್ಲಿ ನಡೆಯುತ್ತ ತಮ್ಮ ಅಮೆರಿಕದ ಪ್ರವಾಸದ ಕಥೆ ಹೇಳಿದರು. ಬೆಳಿಗ್ಗೆ ಒಂದು ಹಳೆಯ ನಗರ ತೋರಿಸಿ, ಮಧ್ಯಾಹ್ನ ಆಮಿಶ್ ಎಂಬ ಜನರ ಹಳ್ಳಿಗಾಡಿಗೆ ಕರೆದುಕೊಂಡು ಹೋಗಿದ್ದರಂತೆ. ಆ ಜನರಿಗೆ ಕಾರು ಬೇಡ, ಮನೆಗೆ ಕರೆಂಟು ಬೇಡ. ಓಡಾಟಕ್ಕೆ ಕುದುರೆ ಗಾಡಿ, ಹೊಲಕ್ಕೂ ಕುದುರೆ. ಅದನ್ನು ನೋಡಲು ಬಸ್ಸುಗಟ್ಟಲೆ ಮಂದಿ ಬರುತ್ತಾರಂತೆ. "ಒಂದೇ ದಿನದಲ್ಲಿ ಎರಡು ಲೋಕ ನೋಡಿದ ಹಾಗಾಯ್ತಮ್ಮ" ಎಂದರು ಅವರು. ಆ ಮಾತು ನನ್ನ ತಲೆಯಲ್ಲಿ ಕೂತುಬಿಟ್ಟಿತು. ಹಳೆಯ ನಗರ ಬೇಕೆ, ನನ್ನ ಅಣ್ಣಿಗೇರಿ ಇದೆ. ಹಳ್ಳಿಗಾಡು ಬೇಕೆ, ಅಲ್ಲಿಂದ ನವಲಗುಂದದ ಕಡೆಗೆ ಹೊರಟರೆ ಕಣ್ಣು ಹಾಯುವಷ್ಟೂ ಕರಿಮಣ್ಣಿನ ಎರೆ ಹೊಲ. ಚಕ್ಕಡಿ, ಎತ್ತು, ಬಿಸಿ ರೊಟ್ಟಿ. ಇನ್ನೇನು ಬೇಕು?

ಮಾಲೀಕರ ಮುಂದೆ ಇದನ್ನು ಹೇಳಿದಾಗ ಅವರು ನಕ್ಕರು. "ಅಣ್ಣಿಗೇರ್ಯಾಗ ನೋಡೂವಂಥಾದ್ದು ಏನೈತ್ರಿ? ಎರಿ ಹೊಲಾ ನೋಡಾಕ ಯಾರ ಬರ್ತಾರ? ಈಗ ಹಳ್ಳ್ಯಾಗೂ ಎಲ್ಲಾರೂ ಟ್ರ್ಯಾಕ್ಟರ್ ಇಟ್ಟಾರ."

ನಾನು ಬಿಡಲಿಲ್ಲ. ಬೆನ್ನು ಹತ್ತಿದೆ. ಚಹಾ ಕುಡಿಯುವಾಗ ಹೇಳಿದೆ, ಊಟಕ್ಕೆ ಕೂತಾಗ ಹೇಳಿದೆ, ಅವರು ಫೋನಿನಲ್ಲಿ ಯಾರಿಗೋ ಬೈಯುತ್ತಿದ್ದಾಗಲೂ ಎದುರಿಗೆ ನಿಂತೆ. ಕೊನೆಗೆ ಕೈ ಮುಗಿದು ಒಪ್ಪಿಕೊಂಡರು. "ಒಂದ ಸಲ ಮಾಡ್ರಿ. ನಾನೂ ಬಸ್ಸಿನ್ಯಾಗ ಕುಂದರ್ತೀನಿ. ಮಂದಿ ನಗ್ಕೊಂತ ಇಳದ್ರ ಇದು ನಿಮ್ಮ ಟ್ರಿಪ್, ಮೈಕು ನಿಮ್ಮ ಕೈಯಾಗ. ಒಂದ ಕಂಪ್ಲೇಂಟ್ ಬಂತಂದ್ರ ಮತ್ತ ಬಾವುಟಾ ಹಿಡಕೊಂಡು ಹಿಂದ ನಡೀರಿ, ಅಣ್ಣಿಗೇರಿ ಅಂತ ನನ್ನ ಮುಂದ ಎಂದೂ ಅನಬ್ಯಾಡ್ರಿ."

ಚಕ್ಕಡಿಗೆ ನಾನು ನನ್ನ ಶಾಲೆಯ ಗೆಳತಿಯ ಮನೆ ಗೊತ್ತು ಮಾಡಿದೆ. ನವಲಗುಂದ ದಾರಿಯ ಒಂದು ಹಳ್ಳಿಯಲ್ಲಿ ಅವಳ ಸಂಸಾರ. ಗಂಡ ಇವತ್ತಿಗೂ ಎತ್ತು ಕಟ್ಟಿ ದುಡಿಯುವ ರೈತ. ಸಾಲು ರಜೆ ಇದ್ದ ವಾರ ನೋಡಿ, ಬೆಂಗಳೂರಿನವರಿಗೆ ಅನುಕೂಲವಾಗಲೆಂದು ಸೋಮವಾರ ಗೊತ್ತು ಮಾಡಿ, ಅವನಿಗೆ ಫೋನು ಹಚ್ಚಿ, ಮಂದಿ ಎತ್ತು, ಚಕ್ಕಡಿ ನೋಡಲು ಬರುತ್ತಾರೆ ಎಂದೆ.

"ಸೋಮಾರನ ಬರ್ರಿ ಅಕ್ಕಾರ," ಎಂದ. "ಸೋಮಾರ ನಮ್ಮ ಎತ್ತು ಖಾಲಿನ ಇರ್ತಾವ."

ಖಾಲಿ ಇರುತ್ತವೆ! ಇದಕ್ಕಿಂತ ಸಿಹಿ ಮಾತು ಉಂಟೆ? ಕಚೇರಿಯಿಂದ ಹೊರಟ ಜಾಹೀರಾತಿನಲ್ಲಿ ಗುಡಿಯ ಚಿತ್ರ ಸಣ್ಣದಾಗಿತ್ತು, ಸಿಂಗಾರ ಮಾಡಿದ ಎತ್ತುಗಳ ಚಿತ್ರ ದೊಡ್ಡದಾಗಿತ್ತು. ಕೆಳಗೆ ದಪ್ಪ ಅಕ್ಷರದಲ್ಲಿ "ಎತ್ತಿನ ಚಕ್ಕಡಿ ಸವಾರಿ" ಎಂದಿತ್ತು. ಬಸ್ಸು ತುಂಬಿತು. ಆ ಬ್ಯಾಂಕಿನ ಹಿರಿಯರೂ ಹೆಂಡತಿಯನ್ನು ಕರೆದುಕೊಂಡು ಬಂದರು.

ಅಣ್ಣಿಗೇರಿ ನನ್ನ ಮರ್ಯಾದೆ ಉಳಿಸಿತು. ಮೈಕು ಹಿಡಿದಾಗ ಮೊದಲಿಗೆ ಎರಡು ಮಾತು ತಪ್ಪಿದೆ, ನಿಜ. ಗುಡಿಯ ಒಳಗೆ ಕಾಲಿಟ್ಟ ಮೇಲೆ ಯಾರಿಗೆ ಬೇಕಿತ್ತು ಮೈಕು! ಚಾಲುಕ್ಯರ ಕಾಲದ ಆ ಕಂಬಗಳನ್ನು ಹೇಗೆ ತಿರುಗಿಸಿ ತಿರುಗಿಸಿ ಕಡೆದಿದ್ದಾರೆ ಎಂದು ಹೇಳಿದೆ. ಬಗ್ಗಿ ನೋಡಬೇಕಾದ ಕೆತ್ತನೆಯನ್ನು ಬಗ್ಗಿಸಿ ತೋರಿಸಿದೆ, ಕತ್ತು ಎತ್ತಿ ನೋಡಬೇಕಾದ್ದನ್ನು ಕತ್ತು ಎತ್ತಿಸಿ ತೋರಿಸಿದೆ. ನಾವು ಅಡಗಿ ಆಡುತ್ತಿದ್ದ ಮೂಲೆಯನ್ನೂ ಬಿಡಲಿಲ್ಲ. ಒಬ್ಬ ಹೆಂಗಸು ಕಂಬದ ಮೇಲೆ ಕೈ ಇಟ್ಟು, "ಇಷ್ಟು ವರ್ಷ ಇದರ ಹೆಸರೇ ಕೇಳಿರಲಿಲ್ಲವಲ್ಲ" ಎಂದು ಬೇಜಾರು ಮಾಡಿಕೊಂಡರು. ನನಗೆ ಒಳಗೊಳಗೇ ಎಂಥ ಖುಷಿ! ಮಾಲೀಕರ ಕಡೆಗೆ ಬೇಕೆಂದೇ ತಿರುಗಿ ನೋಡಿದೆ. ಅವರು ಮೊಬೈಲು ನೋಡುತ್ತಿದ್ದರು.

ಬಸ್ಸು ಹಳ್ಳಿ ಮುಟ್ಟುವಾಗ ಬಿಸಿಲು ಏರಿತ್ತು. ದಾರಿಯ ಎರಡೂ ಬದಿ ಕಡಲೆ, ಕುಸುಬಿ, ಗೋಧಿ. ಗೆಳತಿಯ ಮನೆ ಮುಂದೆ ಇಳಿದವರೆಲ್ಲ "ಅಯ್ಯೋ, ಎಷ್ಟು ಚಂದ!" ಎಂದು ಕೂಗಿದರು. ಕೂಗುವಂತೆಯೇ ಇತ್ತು. ಎರಡು ಬಿಳಿ ಎತ್ತು, ಮೈ ತೊಳೆದು ಮಿಂಚುತ್ತಿದ್ದವು. ಕೋಡಿಗೆ ಹಿತ್ತಾಳೆಯ ಕೋಡಣಸು, ಕೊರಳಿಗೆ ಗೆಜ್ಜೆಸರ, ಬೆನ್ನ ಮೇಲೆ ಕೆಂಪು ಜೂಲ. ಗೋದಲಿಯ ಮುಂದೆ ನಿಂತು ಸಾವಕಾಶ ಮೇವು ತಿನ್ನುತ್ತಿದ್ದವು. ಅಂಗಳದಲ್ಲಿ ಚಕ್ಕಡಿ ನೊಗವನ್ನು ನೆಲಕ್ಕೆ ಊರಿ ನಿಂತಿತ್ತು. ಮಾಲೀಕರೂ ಮೊಬೈಲು ಜೇಬಿಗೆ ಹಾಕಿದರು.

"ಹೂಡ್ರಿ ಮತ್ತ," ಎಂದರು ಗೆಳತಿಯ ಗಂಡನಿಗೆ. "ಮಂದಿ ಕಾಯಾಕತ್ತಾರ."

"ಏನ ಹೂಡೂದ್ರಿ?" ಎಂದ ಅವನು.

"ಎತ್ತು."

ಅವನು ಮಾಲೀಕರ ಮುಖ ನೋಡಿದ, ನನ್ನ ಮುಖ ನೋಡಿದ. "ಇವತ್ತ ಸೋಮಾರ ಅಲ್ರೀ?"

ಆಗ ಹೊಳೆಯಿತು ನನಗೆ. ನಮ್ಮ ಕಡೆ ಸೋಮವಾರ ಬಸವಣ್ಣನ ವಾರ. ಆ ದಿನ ಎತ್ತಿನ ಹೆಗಲ ಮೇಲೆ ನೊಗ ಇಡುವುದಿಲ್ಲ. ಕೂರಿಗೆಯೂ ಇಲ್ಲ, ಚಕ್ಕಡಿಯೂ ಇಲ್ಲ. ಎಲ್ಲರಿಗೂ ಗೊತ್ತಿರುವುದರಿಂದ ಯಾರೂ ಅದನ್ನು ಬಾಯಿಬಿಟ್ಟು ಹೇಳುವುದಿಲ್ಲ. ನನ್ನ ತವರಿನಲ್ಲಿ ಕಿರಾಣಿ ಅಂಗಡಿ ಇತ್ತು, ಎತ್ತು ಇರಲಿಲ್ಲ. ಕೇಳಿ ತಿಳಿದ ಮಾತು ಬೇಕಾದ ಹೊತ್ತಿಗೆ ನೆನಪಿಗೆ ಬರಲಿಲ್ಲ.

"ಸೋಮವಾರ ಖಾಲಿ ಇರ್ತಾವ ಅಂದಿದ್ರಲ್ಲಾ!" ಎಂದು ಅವನ ಮೇಲೆಯೇ ಹರಿಹಾಯ್ದೆ.

"ಖಾಲಿನ ಅದಾವಲ್ರೀ ಅಕ್ಕಾರ," ಎಂದ ಅವನು, ಪಾಪ, ಗಾಬರಿಯಾಗಿ. "ಬ್ಯಾರೆ ದಿನಾ ಆಗಿದ್ರ ಹೊಲಕ್ಕ ಹೋಗಿರ್ತಿದ್ವು, ನಿಮಗ ಎಲ್ಲಿ ಸಿಗ್ತಿದ್ವು? ಎತ್ತು ನೋಡಾಕ ಬರ್ತಾರ ಅಂದ್ರಿ. ಅದಕ್ಕ ಸೋಮಾರನ ಬರ್ರಿ ಅಂದ್ನಿ. ಮುಂಜಾನಿಂದ ಮೈ ತಿಕ್ಕೇನ್ರಿ."

ಅವನ ಮಾತಿನಲ್ಲಿ ಎಳ್ಳಷ್ಟೂ ತಪ್ಪಿರಲಿಲ್ಲ. ಎತ್ತು ಖಾಲಿಯೇ ಇದ್ದವು. ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಮಾಲೀಕರು ನನ್ನನ್ನು ಬಾಜೂಕೆ ಕರೆದರು. "ಒಂದ ಸುತ್ತಿಗೆ ಏನಾಗತೈತ್ರಿ? ನಿಮ್ಮ ಗೆಳತಿ ಮನಿ. ನೀವು ಒಂದ ಮಾತು ಅನ್ರಿ, ಅವರು ಇಲ್ಲ ಅನ್ನಂಗಿಲ್ಲ. ಸವಾರಿ ಅಂತ ಹಾಕೇವಿ, ಸವಾರಿ ಆಗಬೇಕು. ಇಲ್ಲಾಂದ್ರ ಈ ಟ್ರಿಪ್ ಇಲ್ಲಿಗೇ ಮುಗೀತು ತಿಳೀರಿ."

ಗೆಳತಿ ಬಾಗಿಲಲ್ಲಿ ನಿಂತಿದ್ದಳು. ಗಂಡನನ್ನು ನೋಡುತ್ತಿರಲಿಲ್ಲ, ನನ್ನನ್ನೇ ನೋಡುತ್ತಿದ್ದಳು. ನಾನು ಕೇಳಿದ್ದರೆ ಅವಳು ಇಲ್ಲ ಎನ್ನುತ್ತಿರಲಿಲ್ಲ, ಅದು ನನಗೂ ಗೊತ್ತಿತ್ತು, ಅವಳಿಗೂ ಗೊತ್ತಿತ್ತು. ನನಗೆ ಆ ಮೈಕು ಬೇಕಿತ್ತು. ಬಹಳ ಬೇಕಿತ್ತು. ಆದರೆ ನೆಂಟಸ್ತಿಕೆಯಂಥ ಸಲುಗೆ ಇಟ್ಟುಕೊಂಡು, ಅವಳ ಮನೆಯ ಅಂಗಳದಲ್ಲಿ ನಿಂತು, ಅವಳ ಮನೆಯ ನೇಮ ಮುರಿಸುವುದೆ? ಥೂ, ಅದಕ್ಕಿಂತ ಬಾವುಟ ಹಿಡಿಯುವುದೇ ವಾಸಿ.

"ನಾ ಕೇಳೂದಿಲ್ರಿ ಸರ್" ಎಂದೆ. ಆಮೇಲೆ ಎಲ್ಲರಿಗೂ ಕೇಳುವಂತೆ ದನಿ ಎತ್ತಿ ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಇವತ್ತು ಎತ್ತಿಗೆ ಸೂಟಿ. ವಾರವೆಲ್ಲ ದುಡಿಯುವ ಅವು ಇವತ್ತು ದುಡಿಯುವುದಿಲ್ಲ. ನನಗೂ ಅವರಿಗೂ ಮಾತಿನಲ್ಲಿ ತಿಳಿವಳಿಕೆ ತಪ್ಪಿದೆ.

ಗುಂಪಿನಲ್ಲಿ ಗುಸುಗುಸು ಎದ್ದಿತು. ಒಬ್ಬರು "ಹಾಗಾದ್ರೆ ಜಾಹೀರಾತಲ್ಲಿ ಹಾಕಿದ್ದು ಯಾಕೆ?" ಎಂದು ಮುಖ ಗಂಟಿಕ್ಕಿದರು. ಆಗ ಬ್ಯಾಂಕಿನ ಹಿರಿಯರು ಗಂಟಲು ಸರಿಮಾಡಿಕೊಂಡರು. "ನಾವು ಅಮೆರಿಕದಲ್ಲಿ ಆ ಆಮಿಶ್ ಹಳ್ಳಿಗೆ ಹೋಗಿದ್ದು ಭಾನುವಾರ. ಅವರೂ ಆ ದಿನ ಕೆಲಸ ಮಾಡಲ್ಲ, ಯಾರನ್ನೂ ಒಳಗೆ ಬಿಡಲ್ಲ. ನಾವು ಬಸ್ಸಿನ ಕಿಟಕಿಯಿಂದಲೇ ನೋಡಿ ವಾಪಸ್ ಬಂದ್ವಿ. ಅದಕ್ಕೂ ಎಲ್ಲರೂ ಚಪ್ಪಾಳೆ ತಟ್ಟಿದರು. ಇಲ್ಲಿ ಮನೆಯವರು ಅಂಗಳಕ್ಕೇ ಕರೆದಿದ್ದಾರೆ, ಇನ್ನೇನಾಗಬೇಕು ನಿಮಗೆ?"

ಕೆಲವರು ನಕ್ಕರು. ಮಾಲೀಕರು ನಗಲಿಲ್ಲ. "ಅದೆಲ್ಲಾ ಖರೆ. ಆದ್ರ ಸವಾರಿ ಎಲ್ಲಿ?" ಎಂದು ಮತ್ತೆ ಅದೇ ರಾಗ ಎಳೆದರು.

ನನ್ನ ಸಿಟ್ಟು ನೆತ್ತಿಗೇರಿತು. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಸೀದಾ ಚಕ್ಕಡಿಯ ಹತ್ತಿರ ಹೋದೆ. ಬಗ್ಗಿ, ನೊಗ ಹಿಡಿದು, ದಮ್ಮು ಕಟ್ಟಿ ಎತ್ತಿದೆ. "ಸವಾರಿ ಬೇಕಲ್ರಿ? ಹತ್ರಿ ಮ್ಯಾಲ! ಸೂಟಿ ಇರೂದು ಎತ್ತಿಗೆ, ನಮಗಲ್ಲ. ಬರ್ರಿ ಸರ್, ಹಿಡೀರಿ ಆ ಕಡೆ!"

ನಾನು ಗೆಳತಿಯ ಗಂಡನ ಕಡೆ ನೋಡಿದೆ. ಇದೂ ನೇಮಕ್ಕೆ ವಿರುದ್ಧವೋ ಏನೋ! ಅವನು ಎತ್ತುಗಳನ್ನು ನೋಡಿದ, ನನ್ನನ್ನು ನೋಡಿದ, ತಲೆ ಕೆರೆದುಕೊಂಡ. "ಮನಶ್ಯಾರಿಗೆ ಎಲ್ಲಿ ಸೋಮಾರ ಬಂತ್ರಿ ಅಕ್ಕಾರ," ಎಂದವನೇ ಜಿಗಿದು ಬಂದು ನೊಗಕ್ಕೆ ಕೈ ಹಾಕಿದ.

ಅಲ್ಲಿಂದ ಮುಂದಿನದನ್ನು ನೆನೆಸಿಕೊಂಡರೆ ಈಗಲೂ ಹೊಟ್ಟೆ ಹಿಡಿದು ನಗುತ್ತೇನೆ. ಬ್ಯಾಂಕಿನ ಹಿರಿಯರು ಅಂಗಿಯ ತೋಳು ಮಡಚಿದರು. ಅವರ ಹೆಂಡತಿ "ರೀ, ನಿಮ್ಮ ಬೆನ್ನು!" ಎಂದು ಕೂಗಿ, ಮರುಗಳಿಗೆಗೆ ತಾವೇ ಮೊದಲು ಚಕ್ಕಡಿ ಹತ್ತಿದರು. ಮುಖ ಗಂಟಿಕ್ಕಿದ್ದವರೂ ನೊಗಕ್ಕೆ ಬಂದರು. ಎಲ್ಲರೂ ಸೇರಿದ ಮೇಲೆ ಮಾಲೀಕರಿಗೆ ಸುಮ್ಮನೆ ನಿಲ್ಲಲು ನಾಚಿಕೆಯಾಗಿರಬೇಕು, ಬಂದು ನೊಗದ ತುದಿ ಹಿಡಿದರು. ಅಷ್ಟರಲ್ಲಿ ಹತ್ತಿದ ಹೆಂಗಸರೆಲ್ಲ ನಗುತ್ತ ಹಿಂದಕ್ಕೆ ವಾಲಿದರು. ನೊಗ ಸರ್ರನೆ ಮೇಲೆದ್ದಿತು, ಅದರ ಜೊತೆಗೆ ನಮ್ಮ ಮಾಲೀಕರೂ ಎದ್ದರು. ಕಾಲು ನೆಲ ಬಿಟ್ಟಿದ್ದವು!

"ಮುಂದ ಸರೀರಿ, ಮುಂದ ಸರೀರಿ!" ಎಂದು ಗೆಳತಿಯ ಗಂಡ ಬೊಬ್ಬೆ ಹಾಕಿದ. ಹೆಂಗಸರು ಮುಂದೆ ಸರಿದರು, ಮಾಲೀಕರು ಭೂಮಿಗೆ ಇಳಿದರು. ಚಕ್ಕಡಿ ಕಿರ್ರ್ ಎಂದು ಹೊರಟಿತು. ಓಣಿಯ ಮಂದಿಯೆಲ್ಲ ಕಟ್ಟೆಗೆ ಬಂದು ನಿಂತು ಕೂಗತೊಡಗಿದರು. "ಎಡಕಿನ ಎತ್ತು ಮೈಗಳ್ಳ ಐತಿ, ಸ್ವಲ್ಪ ನೋಡ್ಕೊರ್ರಿ!" ಎಡಕ್ಕೆ ಇದ್ದವರು ಮಾಲೀಕರು. ಅವರು ಹಲ್ಲು ಕಚ್ಚಿ, ಮುಖ ಕೆಂಪಗೆ ಮಾಡಿಕೊಂಡು ಎಳೆದದ್ದೇ ಎಳೆದದ್ದು. ಊರ ಅಂಚಿನ ಕಡಲೆ ಹೊಲದವರೆಗೆ ಹೋದೆವು. ಅಲ್ಲಿ ಎಳೆದವರು ಹತ್ತಿದರು, ಹತ್ತಿದವರು ಎಳೆದರು. ಬೆಂಗಳೂರಿನ ಹೆಂಗಸರು ಸೀರೆ ಎತ್ತಿ ಕಟ್ಟಿ ಚಕ್ಕಡಿ ಎಳೆದುಕೊಂಡು ಅಂಗಳಕ್ಕೆ ಬಂದಾಗ ಎತ್ತುಗಳು ಮೆಲುಕು ಹಾಕುವುದನ್ನು ಬಿಟ್ಟು ತಿರುಗಿ ನೋಡಿದವು. ಆ ನೋಟದ ಫೋಟೋ ತೆಗೆಯದವರು ಯಾರೂ ಇಲ್ಲ.

ಹಸಿವು ಎಂದರೆ ಹಸಿವು! ಗೆಳತಿ ಬಡಿದ ರೊಟ್ಟಿ ಒಲೆಯಿಂದ ಇಳಿಯುವುದೇ ತಡ, ಮಾಯವಾಗುತ್ತಿತ್ತು. ಬದನೆಕಾಯಿ ಎಣಗಾಯಿ, ಶೇಂಗಾ ಚಟ್ನಿಪುಡಿ, ಗಟ್ಟಿ ಮೊಸರು. "ನೀ ನನ್ನ ಕೇಳ್ತಿ ಅಂತ ಹೆದರಿದ್ನಿ ನೋಡ ಬೇ," ಎಂದು ಅವಳು ರೊಟ್ಟಿ ಹಾಕುವ ನೆವದಲ್ಲಿ ನನ್ನ ಕಿವಿಯಲ್ಲಿ ಹೇಳಿದಳು. ನನಗೆ ಕಣ್ಣು ತುಂಬಿ ಬಂತು. ಖಾರ ಎಂದು ಹೇಳಿ ನೀರು ಕುಡಿದೆ.

ಸಂಜೆ ಬಸ್ಸು ಹುಬ್ಬಳ್ಳಿಗೆ ಬರುವವರೆಗೂ ಒಳಗೆ ಒಂದೇ ಗದ್ದಲ. ಯಾರು ಎಷ್ಟು ಎಳೆದರು, ಯಾರು ಬರೀ ನೊಗ ಹಿಡಿದು ನಟನೆ ಮಾಡಿದರು ಎಂದು ಜಗಳ. ಇಳಿಯುವಾಗ ಒಬ್ಬೊಬ್ಬರೂ ನನ್ನ ಕೈ ಕುಲುಕಿದರು. ಬ್ಯಾಂಕಿನ ಹಿರಿಯರು ಸೊಂಟ ಹಿಡಿದುಕೊಂಡೇ "ಅಕ್ಕನ ಮಕ್ಕಳನ್ನೆಲ್ಲ ಕಳಿಸ್ತೀನಮ್ಮ" ಎಂದರು.

ಕೊನೆಗೆ ಉಳಿದವರು ನಾನು ಮತ್ತು ಮಾಲೀಕರು. ಅವರು ಅಂಗೈಗೆ ಉಫ್ ಎಂದು ಗಾಳಿ ಊದಿಕೊಳ್ಳುತ್ತ ನಿಂತಿದ್ದರು, ಗುಳ್ಳೆ ಎದ್ದಿದ್ದವು.

"ಮುಂದಿನ ಟ್ರಿಪ್ ಯಾವಾಗ ಇಡ್ತೀರಿ?" ಎಂದು ಕೇಳಿದರು.

ನನಗೆ ಅಲ್ಲೇ ಕುಣಿಯಬೇಕೆನಿಸಿತು. ಆದರೂ ಗಾಂಭೀರ್ಯ ಬಿಡದೆ, "ರವಿವಾರ ಇಡೂಣ್ರಿ ಸರ್. ಆವತ್ತ ಎತ್ತು ಹೂಡ್ತಾರ, ತೊಂದ್ರಿ ಇಲ್ಲ" ಎಂದೆ.

"ತಲಿ ಕೆಟ್ಟೈತೇನ್ರಿ ನಿಮಗ?" ಎಂದು ಅವರು ರೇಗಿಬಿದ್ದರು. "ಎತ್ತು ಎಳೆಯೂ ಚಕ್ಕಡಿ ಎಲ್ಲಾ ಕಡೆ ಸಿಗತಾವ. ಸೋಮಾರನ ಇಡ್ರಿ."