ಬಾಲ್ಕನಿಯಿಂದ ಬಿದ್ದ ನೀರು

ಈದ್ ರಜೆಗೆ ಅಬುಧಾಬಿಯಿಂದ ಬೋಸ್ನಿಯಾದ ಸರಾಯೆವೊಗೆ ಹೋಗಿದ್ದೆವು. ತೊಂಬತ್ತರ ದಶಕದ ಯುದ್ಧದಲ್ಲಿ ಆ ಊರಿಗೆ ವರ್ಷಗಟ್ಟಲೆ ಮುತ್ತಿಗೆ ಹಾಕಿದ್ದಾಗ ನಮ್ಮ ಗೈಡ್ ಇನ್ನೂ ಹುಡುಗಿ. ಆಗ ಜನ ಊರಿನಿಂದಾಚೆ ಹೋಗಿಬರಲು ತೋಡಿದ್ದ ಸುರಂಗ, ಗುಂಡು ಹೊಕ್ಕ ಗೋಡೆಗಳನ್ನೆಲ್ಲ ತೋರಿಸಿ, ಕೊನೆಗೆ ತಾನು ಬದುಕುಳಿದ ಕಟ್ಟಡದ ಮುಂದೆ ನಿಲ್ಲಿಸಿದಳು. ತಿನ್ನಲು ಏನೂ ಸಿಗದ ಆ ದಿನಗಳಲ್ಲಿ ಅವಳ ಅಮ್ಮ ಪಾತ್ರೆ ತೊಳೆದ ನೀರು ಹಾಕಿ, ಬಾಲ್ಕನಿಯ ಡಬ್ಬಗಳಲ್ಲಿ ಟೊಮೆಟೊ ಬೆಳೆಸಿದ್ದರಂತೆ. ಈಗಲೂ ಬೆಳೆಸುತ್ತಾರಂತೆ.

ಎಲ್ಲರೂ ತಲೆಯೆತ್ತಿ ನೋಡುತ್ತಿದ್ದಾಗ ನನ್ನ ಹೆಂಡತಿ ಕೇಳಿದಳು: "ಅಲ್ಲ, ಆ ನೀರು ಕೆಳಗಿನ ಮನೆಗೆ ಬೀಳ್ತಿರ್ಲಿಲ್ವಾ?"

ನನಗೆ ಸಿಟ್ಟೇ ಬಂತು. ಅಬುಧಾಬಿಯ ಖಾಲಿದಿಯಾ ಬಡಾವಣೆಯ ನಮ್ಮ ಫ್ಲ್ಯಾಟಿನ ಬಾಲ್ಕನಿಯಲ್ಲಿ ಎಣ್ಣೆ ಡಬ್ಬಕ್ಕೆ ಬಸಳೆ ನೆಟ್ಟು, ಕೆಳಗಿನ ಮನೆಯವರಿಂದ ದಿನಾ ಬೈಸಿಕೊಳ್ಳುವವಳು ಇವಳು. ಆ ರಗಳೆಯನ್ನು ಇಲ್ಲಿಗೂ ತರಬೇಕೆ? ನಾನು ತಡೆಯುವಷ್ಟರಲ್ಲಿ ಮಗಳು ಪ್ರಶ್ನೆಯನ್ನು ಇಂಗ್ಲಿಷಿನಲ್ಲಿ ಹೇಳಿಬಿಟ್ಟಿದ್ದಳು.

ಗೈಡ್ ಹೊಟ್ಟೆ ಹಿಡಿದುಕೊಂಡು ನಕ್ಕಳು. ಮೇಲಿನಿಂದ ಶೆಲ್ ಬೀಳುವಾಗಲೂ ಕೆಳಗಿನ ಮನೆಯಾಕೆ ಆ ನೀರಿಗಾಗಿಯೇ ಜಗಳ ತೆಗೆಯುತ್ತಿದ್ದರಂತೆ. ಈವರೆಗೆ ಯಾವ ಪ್ರವಾಸಿಯೂ ಈ ಪ್ರಶ್ನೆ ಕೇಳಿರಲೇ ಇಲ್ಲ ಎನ್ನುತ್ತ, ಕಟ್ಟಡದ ಕಡೆ ತಿರುಗಿ ಏನೋ ಕೂಗಿದಳು.

ಕೆಳಗಿನ ಬಾಲ್ಕನಿಗೆ ಅದೇ ನೆರೆಯಾಕೆ ಬಂದರು, ಈಗ ಅಜ್ಜಿ. ಮೇಲಿನ ಡಬ್ಬಗಳತ್ತ ಕೈತೋರಿಸಿ, ಒದ್ದೆಯಾದ ಬೆಡ್‌ಶೀಟ್ ಕೊಡವುತ್ತ ಬೈಯತೊಡಗಿದರು. ಆ ಭಾಷೆಯ ಒಂದಕ್ಷರವೂ ಬಾರದ ನನ್ನ ಹೆಂಡತಿ, ಪ್ರತಿ ಮಾತಿಗೂ ನಗುತ್ತ ತಲೆದೂಗುತ್ತಿದ್ದಳು.